ಆರನೆಯ ಬೆನ್ನು

"ಹುಲಿಗೆವ್ವ ಬಂದಾಳೇನ?" ಎಂದು ತಾಯಿ ಗಂಗೂಬಾಯಿ ನಡುಮನೆಯಿಂದ ಕೇಳಿದಾಗ ಸುರಭಿ ಒಳಕೋಣೆಯಲ್ಲಿ ಕಂಪ್ಯೂಟರಿನ ಮುಂದೆ ಕೂತಿದ್ದಳು. ಬೆಳಗಿನ ಹನ್ನೊಂದು ಗಂಟೆ, ಹೊರಗೆ ಒಳ್ಳೇ ಬಿಸಿಲು. ಇಲ್ಲವ್ವ, ಅವಳು ಇನ್ನು ಬರುವುದು ಶನಿವಾರ, ಇವತ್ತು ಗುರುವಾರ ಎಂದು ಕೂತಲ್ಲಿಂದಲೇ ಕೂಗಿ ಹೇಳಿ ಮತ್ತೆ ತನ್ನ ಕೆಲಸಕ್ಕೆ ತಿರುಗಿದಳು. ಕಿವಿಯಲ್ಲೊಂದು ಕುರು ಎದ್ದು ಹೆಡ್‌ಫೋನ್ ಹಾಕಿಕೊಳ್ಳಲಾಗದೆ ನಾಲ್ಕು ದಿನದಿಂದ ಬಾಗಿಲು ಮುಚ್ಚಿಕೊಂಡು, ಸ್ಪೀಕರನ್ನು ಸಣ್ಣಗೆ ಹಚ್ಚಿಕೊಂಡು, ಮುಗಿದುಹೋದ ತನ್ನ ಚಿತ್ರವನ್ನೇ ಮತ್ತೆ ಮತ್ತೆ ಕೇಳುತ್ತಿದ್ದಳು. "ಮತ್ತ ರೊಟ್ಟಿ ಬಡೀಲಿಕ್ಕೆ ಹತ್ಯಾಳಲ್ಲ" ಎಂದಳು ಗಂಗೂಬಾಯಿ. ಸುರಭಿಯ ಬೆರಳು ತಾನಾಗಿ ಹೋಗಿ ಗುಂಡಿ ಒತ್ತಿತು, ಶಬ್ದ ನಿಂತಿತು. ಮುಚ್ಚಿದ ಬಾಗಿಲಿನಾಚೆಯಿಂದ ತಾಯಿಯ ದನಿ, ಮಧ್ಯಾಹ್ನಕ್ಕೇನು ಪಲ್ಯ ಎಂದು ಕೇಳುವಷ್ಟೇ ಸಹಜವಾಗಿ, "ಈಗ ನಿಂತಳು ನೋಡು" ಎಂದಿತು.

ಸುರಭಿ ಎದ್ದು ನಡುಮನೆಗೆ ಬಂದಳು. ಗಂಗೂಬಾಯಿಗೆ ಕಣ್ಣಿನ ಪೊರೆ ತೆಗೆಸಿ ಇನ್ನೂ ಎಂಟು ದಿನ ಆಗಿರಲಿಲ್ಲ; ಪರದೆ ಎಳೆದ ಕೋಣೆಯಲ್ಲಿ ಕಪ್ಪು ಕನ್ನಡಕ ಹಾಕಿಕೊಂಡು, ಕೈಗಳನ್ನು ತೊಡೆಯ ಮೇಲಿಟ್ಟುಕೊಂಡು, ಎಲ್ಲಿಗೋ ಹೊರಟ ಬಸ್ಸಿನಲ್ಲಿ ಕೂತವಳ ಹಾಗೆ ನೆಟ್ಟಗೆ ಕೂತಿದ್ದಳು. ನಾಲ್ಕು ದಿನದಿಂದ ಕೇಳುತ್ತಿದ್ದೇನೆ ಎಂದು ಶುರುಮಾಡಿದಳು. ಹುಲಿಗೆವ್ವ ಬರುತ್ತಾಳೆ, ಬಡಿಯುತ್ತಾಳೆ, ನಿಲ್ಲಿಸುತ್ತಾಳೆ, ಮತ್ತೆ ಅದೇ ರೊಟ್ಟಿಯನ್ನು ಮೊದಲಿನಿಂದ ಬಡಿಯುತ್ತಾಳೆ. ಸೊಸೆಗೆ ದಿನ ತುಂಬಿತೇನು ಎಂದು ಎರಡು ಸಲ ಕೂಗಿ ಕೇಳಿದರೂ ಉತ್ತರವಿಲ್ಲ. ಹನ್ನೆರಡು ವರ್ಷದಿಂದ ರೊಟ್ಟಿ ಬಡಿಯಲು ಮನೆಗೆ ಬಂದು ಹೋಗುವ ಹೆಂಗಸು ಹೀಗೆ ಮುಖ ತಿರುಗಿಸಿದರೆ ತನಗೆ ಹೇಗಾಗಬೇಡ? ಇಷ್ಟು ಬಡಿದ ಮೇಲೂ ಮನೆಯಲ್ಲಿ ಒಂದು ಬಿಸಿ ರೊಟ್ಟಿ ಇಲ್ಲವಲ್ಲ, ಅದೆಲ್ಲಿ ಹೋಗುತ್ತದೆ ಎಂಬುದೂ ಅವಳಿಗೆ ತಿಳಿಯದು. ಸುರಭಿ ನಗಲು ನೋಡಿದಳು. ರೊಟ್ಟಿ ಯಾರು ಬಡಿದರೂ ಒಂದೇ ಸಪ್ಪಳ ಅಲ್ಲವೇ ಎಂದಳು. ಗಂಗೂಬಾಯಿ ಮಗಳ ದಡ್ಡತನಕ್ಕೆ ಮರುಗಿ ತಲೆಯಲ್ಲಾಡಿಸಿದಳು. "ಅಕಿ ಕೈ ನನಗ ಗೊತ್ತಾಗೂದಿಲ್ಲೇನು? ಎರಡು ದಪ್ಪ, ಒಂದು ಸಣ್ಣ. ಎಡಗೈ ಮುರದಿತ್ತಲ್ಲ ಅಕೀದು, ಮೂರನೇ ಪೆಟ್ಟು ಜೋರು ಬೀಳೂದಿಲ್ಲ." ಆಮೇಲೆ ಸ್ವಲ್ಪ ಮುಂದೆ ಬಾಗಿ, ನೆರೆಮನೆಯವರು ಕೇಳಬಾರದ ಮಾತೆಂಬಂತೆ ಕೇಳಿದಳು: "ಅಕಿ ಬಡಿಯೂ ಮುಂದ ಹಿಂದ ನಿಂತು ಮಾತಾಡ್ತಾನಲ್ಲ, ಆ ಗಂಡಸು ಯಾರು?"

ಆ ಗಂಡಸು ಯಾರು ಎಂದು ತಾಯಿಗೆ ಹೇಳುವ ಹಾಗಿರಲಿಲ್ಲ. ಏಳು ಹೆಂಗಸರು, ಎಲ್ಲರೂ ನಡುವಯಸ್ಸು ದಾಟಿದವರು, ತಮ್ಮ ಮೈಯ ಬಗ್ಗೆ, ಯಾರಿಗೂ ಹೇಳದ ಆಸೆಯ ಬಗ್ಗೆ ಮಾತಾಡುವ ಚಿತ್ರ ಅದು. ಯಾರ ಮುಖವನ್ನೂ ತೋರಿಸುವುದಿಲ್ಲ, ಎಲ್ಲರನ್ನೂ ಬೆನ್ನ ಕಡೆಯಿಂದ ಹಿಡಿಯುತ್ತೇನೆ, ದನಿಯನ್ನೂ ಗುರುತು ಸಿಗದಂತೆ ಬದಲಿಸುತ್ತೇನೆ ಎಂದು ಸುರಭಿ ಏಳೂ ಜನರ ಕೈಹಿಡಿದು ಮಾತು ಕೊಟ್ಟಿದ್ದಳು. ಹುಲಿಗೆವ್ವನ ದನಿಯನ್ನು ಯಂತ್ರದಲ್ಲಿ ಕೆಳಗಿಳಿಸಿದಾಗ ಅದು ಹೆಣ್ಣಿನದೂ ಅಲ್ಲದ, ಪೂರ್ತಿ ಗಂಡಿನದೂ ಅಲ್ಲದ, ಬಾವಿಯೊಳಗಿನಿಂದ ಬಂದಂಥ ದನಿಯಾಯಿತು. ಅದಕ್ಕೇನೂ ಚಿಂತೆಯಿರಲಿಲ್ಲ. ಚಿಂತೆ ಬಂದದ್ದು ರೊಟ್ಟಿಯಿಂದ. ಕೈ ಖಾಲಿ ಇದ್ದರೆ ಹುಲಿಗೆವ್ವನ ಬಾಯಿಂದ ಮಾತೇ ಹೊರಡುತ್ತಿರಲಿಲ್ಲ. ಮೂರು ಸಲ ಕ್ಯಾಮೆರಾ ಮುಂದೆ ಬೆನ್ನು ಮಾಡಿ ಕೂರಿಸಿದರೂ ಸೆರಗಿನ ತುದಿ ತಿರುವುತ್ತ ಹೂಂ, ಉಹೂಂ ಎಂದಳಷ್ಟೆ. ನಾಲ್ಕನೆಯ ಸಲ ಸುರಭಿ ಅವಳೆದುರು ಮಣೆ ಇಟ್ಟು, ಜೋಳದ ಹಿಟ್ಟು ನಾದಿ ಕೊಟ್ಟಳು. ಬಡಿಯುತ್ತ ಬಡಿಯುತ್ತ ಮಾತು ಬಂತು, ಬರುತ್ತಲೇ ಹೋಯಿತು, ಹದಿನೆಂಟು ರೊಟ್ಟಿಯಷ್ಟು. ದನಿ ಬದಲಿಸುವಾಗ ಬಡಿತವೂ ಹಾಳಾಗಿ, ಒದ್ದೆ ಬಟ್ಟೆ ಒಗೆದ ಹಾಗೆ ಕೇಳಿತು. ಆಗ ಸುರಭಿ ಏನು ಮಾಡಿದಳು? ಮಣೆಯ ಕೆಳಗೆ ಅಂಟಿಸಿದ್ದ ಇನ್ನೊಂದು ಮೈಕಿನಿಂದ ಬಡಿತವೊಂದನ್ನೇ ಬಿಡಿಸಿ, ತೊಳೆದು, ಇದ್ದದ್ದು ಇದ್ದ ಹಾಗೆ ತಂದು ದನಿಯ ಕೆಳಗೆ ಕೂರಿಸಿದಳು. ಆ ಸಂಜೆ ತನ್ನ ಕೆಲಸವನ್ನು ತಾನೇ ಮೆಚ್ಚಿ ಕನ್ನಡಿಯಲ್ಲಿ ಮುಖ ನೋಡಿಕೊಂಡಿದ್ದಳು. ಇಪ್ಪತ್ತು ವರ್ಷದಿಂದ ಚಿತ್ರ ಮಾಡುವವಳಿಗೆ, ಧಾರವಾಡದ ಮನೆತನದಲ್ಲಿ ಹುಟ್ಟಿ ರೊಟ್ಟಿ ತಿಂದೇ ಬೆಳೆದವಳಿಗೆ, ಕೈಗೂ ಒಂದು ಮುಖವಿರುತ್ತದೆ ಎಂಬುದು ಹೊಳೆಯಲೇ ಇಲ್ಲ.

ಈಗ ಹೊಳೆಯಿತು. ತಾಯಿ ವಾರಕ್ಕೆರಡು ದಿನ ಕೇಳಿದವಳು. ಹುಲಿಗೆವ್ವನ ಮಗ ಮನೋಜ ಹುಟ್ಟಿದಾಗಿನಿಂದ ಕೇಳಿದವನು. ಮೂವತ್ತು ವರ್ಷ ದಿನಾ ಬೆಳಗಿನ ನಿದ್ದೆಯಿಂದ ಆ ಶಬ್ದಕ್ಕೇ ಎದ್ದವನು. ಅವನ ಕಿವಿಗೆ ಎರಡು ದಪ್ಪ ಒಂದು ಸಣ್ಣ ಬಿದ್ದರೆ ಸಾಕು, ಮೇಲೆ ಮಾತಾಡುವ ಬಾವಿಯ ದನಿ ಯಾರದೆಂದು ಕೇಳಬೇಕಾಗಿಲ್ಲ. ಆ ದನಿ ಹೇಳುವುದಾದರೂ ಏನನ್ನು? 'ಗಂಡನ ಜೋಡಿ ಹದಿನೈದ ವರ್ಷ ಮಲಗಿದ್ನಿ, ಒಂದಿನ ಕಣ್ಣತುಂಬ ನಿದ್ದಿ ಬರಲಿಲ್ಲ. ಅಕಿ ಬಂದಮ್ಯಾಲ ಬಂತು.' ಅಕಿ ಎಂದರೆ ತಿಪ್ಪವ್ವ. ಗಂಡ ಸತ್ತ ವರ್ಷ ಹುಲಿಗೆವ್ವ ಕೊಪ್ಪಳದ ಕಡೆಯ ತನ್ನ ಊರಿನಿಂದ ಕರೆಸಿಕೊಂಡ ಬಾಲ್ಯದ ಗೆಳತಿ. ಹದಿನಾರು ವರ್ಷದಿಂದ ಇಬ್ಬರದೂ ಒಂದೇ ಕೋಣೆ, ಒಂದೇ ಕೌದಿ, ಒಂದೇ ರೊಟ್ಟಿ ವ್ಯಾಪಾರ. ಜನ ಅಕ್ಕತಂಗಿ ಅಂದರು, ಇವರೂ ಹೂಂ ಅಂದರು. ಮನೋಜ ಅವಳನ್ನು ಚಿಗವ್ವ ಎಂದು ಕರೆಯುತ್ತಾನೆ; ಅವನಿಗೆ ಟೈಫಾಯಿಡ್ ಆದಾಗ ಇಪ್ಪತ್ತೊಂದು ದಿನ ಪಕ್ಕ ಬಿಟ್ಟು ಏಳದೆ ಕೂತವಳು ಅವಳೇ. ಇವತ್ತು ಸಂಜೆ ಆರಕ್ಕೇ ಚಿತ್ರ ಆ್ಯಪಿನಲ್ಲಿ ಬರುತ್ತದೆ. ಆರೂವರೆಗೆ ಆ ಮನೆಯಲ್ಲಿ ಚಿಗವ್ವ ಎಂಬ ಶಬ್ದವೇ ಉಳಿಯಲಿಕ್ಕಿಲ್ಲ. ತನ್ನಿಂದ ಇಬ್ಬರು ಹೆಂಗಸರು ಬೀದಿಗೆ ಬೀಳುತ್ತಾರೆ ಎಂದು ಸುರಭಿಗೆ ಖಂಡಿತವಾಗಿ ಅನಿಸಿತು.

ಮಗರಪಟ್ಟಾದ ಆಫೀಸಿನಲ್ಲಿದ್ದ ಪ್ರಣವನಿಗೆ ಫೋನು ಮಾಡಿದಳು. ಚಿತ್ರವನ್ನು ಕೊಂಡ ಆ್ಯಪಿನವರ ಪರವಾಗಿ ಎಲ್ಲ ನೋಡಿಕೊಳ್ಳುವವನು ಅವನು, ಮೈಸೂರಿನ ಹುಡುಗ, ಒಳ್ಳೆಯವನೇ, ಆದರೆ ಯಾವ ಮಾತಿಗೂ ಗಾಬರಿಯಾಗದ ಹಾಗೆ ತರಬೇತಿ ಕೊಟ್ಟಿದ್ದಾರೇನೋ ಎನಿಸುವಂಥವನು. ಫೈಲು ಲಾಕ್ ಆಗಿದೆ, ಆರು ಗಂಟೆಗೆ ತಾನಾಗಿಯೇ ಹೋಗುತ್ತದೆ ಎಂದ. ಆ ರೊಟ್ಟಿ ಸೌಂಡು ಆಫೀಸಿನಲ್ಲಿ ಎಲ್ಲರ ಫೇವರಿಟ್ಟು, ಅದನ್ನು ಯಾಕೆ ತೆಗೆಯಬೇಕು ಎಂದು ಕೇಳಿದ. ಸುರಭಿ ಹೇಳಿದಳು, ಮತ್ತೆ ಹೇಳಿದಳು, ಕೊನೆಗೆ ದನಿ ಏರಿಸಿದಳು. "ಮೇಡಂ, ನೀವು ಬೇಡ ಅಂದ್ರೆ ನಿಲ್ಸೋಕಾಗಲ್ಲ, ನೀವು ಸೈನ್ ಮಾಡಿದೀರ" ಎಂದ ಪ್ರಣವ. "ಅವರೇ ಬೇಡ ಅಂದ್ರೆ ಲೀಗಲ್‌ನವರು ಐದು ನಿಮಿಷದಲ್ಲಿ ನಿಲ್ಲಿಸ್ತಾರೆ. ಅವರದೇ ವಾಯ್ಸಲ್ಲಿ ಎರಡು ಲೈನ್ ರೆಕಾರ್ಡ್ ಮಾಡಿ ಆರರೊಳಗೆ ಕಳ್ಸಿ." ಹುಲಿಗೆವ್ವನ ಮನೆಗೆಲ್ಲ ಒಂದೇ ಫೋನು. ಸುರಭಿ ಹಚ್ಚಿದಾಗ ಎತ್ತಿದವನು ಮನೋಜ. ಅವನ ಹಲೋ ಕೇಳಿದ್ದೇ ಕಟ್ ಮಾಡಿದಳು. ಗುರುವಾರ ತಳೇಗಾಂವದ ಕಂಪನಿಗೆ ರಜೆ, ಅವನು ಮನೆಯಲ್ಲೇ ಇರುತ್ತಾನೆ ಎಂಬುದು ಆಗ ನೆನಪಾಯಿತು. ಇನ್ನು ಹೋಗುವುದೇ ದಾರಿ. ಹಾಗಿದ್ದೂ ತಾಯಿಗೆ ಊಟ ಬಡಿಸಿದಳು, ಕಣ್ಣಿಗೆ ಮೂರು ಬಾಟಲಿಯ ಹನಿಗಳನ್ನು ಹತ್ತತ್ತು ನಿಮಿಷ ಬಿಟ್ಟು ಹಾಕಿದಳು, ಸಿಂಕಿನಲ್ಲಿದ್ದ ಎರಡು ಲೋಟ ತೊಳೆದಳು, ತೊಳೆದದ್ದನ್ನೇ ಮತ್ತೊಮ್ಮೆ ತೊಳೆದಳು. ಮನೆ ಬಿಟ್ಟಾಗ ನಾಲ್ಕು ಹೊಡೆದಿತ್ತು.

ಕರ್ವೇನಗರದ ತನ್ನ ಮನೆಯಿಂದ ಪರ್ವತಿ ಗುಡ್ಡದ ಬುಡದಲ್ಲಿದ್ದ ಹುಲಿಗೆವ್ವನ ಮನೆಗೆ ರಿಕ್ಷಾದಲ್ಲಿ ಎಷ್ಟು ಹೊತ್ತಿನ ದಾರಿ? ಆದರೆ ಅವತ್ತು ಊರೇ ಅವಳ ವಿರುದ್ಧ ಏನೋ ಮಾತಾಡಿಕೊಂಡ ಹಾಗಿತ್ತು. ಒಂದು ಬಾಲ್ಕನಿಯಲ್ಲಿ ಯಾರೋ ಗಾದಿ ಬಡಿಯುತ್ತಿದ್ದರು. ಸಿಗ್ನಲ್ಲಿನ ಹತ್ತಿರ ಚಪ್ಪಲಿ ಹೊಲಿಯುವವನು ಚಕ್ಕಳದ ಮೇಲೆ ಸುತ್ತಿಗೆ ಹಾಕುತ್ತಿದ್ದ. ಎಲ್ಲದರಲ್ಲೂ ಮೂರನೆಯ ಪೆಟ್ಟು ಸಣ್ಣದಾಗಿ ಬೀಳುತ್ತಿತ್ತು. ಮುಂದೆ ಹೋಗುವ ಸ್ಕೂಟರುಗಳ ಮೇಲೆ ಬೆನ್ನುಗಳೇ ಬೆನ್ನುಗಳು. ಒಂದೂವರೆ ವರ್ಷ ಬೆನ್ನುಗಳನ್ನೇ ನೋಡಿ ಅವಳ ಕಣ್ಣು ಎಷ್ಟು ಕೆಟ್ಟಿತ್ತೆಂದರೆ, ತಿರುಗಿದರೆ ಅವುಗಳಿಗೆ ಮುಖವಿರುತ್ತದೆಂದು ಅವಳಿಗೆ ನಂಬಿಕೆಯೇ ಬರಲಿಲ್ಲ. ರಿಕ್ಷಾದವನು ಕನ್ನಡಿಯಲ್ಲಿ ನೋಡುತ್ತಿದ್ದ. ಗುರುತು ಹಿಡಿದನೇನೋ. ಎರಡು ವರ್ಷದ ಹಿಂದೆ ಮರಾಠಿ ಚಾನೆಲ್ಲೊಂದರ ಚರ್ಚೆಯಲ್ಲಿ, ಹೆಂಗಸರ ಆಸೆಗೆ ವಯಸ್ಸಿನ ಗಡುವು ಹಾಕಿದವರು ಯಾರು ಎಂದು ಅವಳು ಕೇಳಿದ್ದ ಹದಿನೈದು ಸೆಕೆಂಡಿನ ತುಣುಕನ್ನು ಯಾರೋ ಹಾಡು ಸೇರಿಸಿ ಊರೆಲ್ಲ ಹಂಚಿದ್ದರು. ಸೊಸೈಟಿಯ ಲಿಫ್ಟಿನಲ್ಲಿ ಹಿಂದಿನಿಂದ ಒಬ್ಬ 'ತ್ಯಾ ವಿಷಯಾಚ್ಯಾ ಬಾಯಿ' ಎಂದಿದ್ದ, ಆ ವಿಷಯದ ಹೆಂಗಸು ಎಂದು. ಮುಖ ತಿರುಗಿಸಿ ನೋಡುವ ಧೈರ್ಯವಾಗದೆ ಲಿಫ್ಟಿನ ಗುಂಡಿಗಳನ್ನೇ ಓದುತ್ತ ನಿಂತಿದ್ದಳು. ಆವತ್ತೇ ನಿಶ್ಚಯಿಸಿದ್ದಳು, ಮುಂದಿನ ಚಿತ್ರದಲ್ಲಿ ಒಂದು ಮುಖವೂ ಇರಕೂಡದು. ಬೇರೆಯವರನ್ನು ಕಾಪಾಡಲು ಎಂದುಕೊಂಡಿದ್ದಳು. ಅದು ತನ್ನ ಅಂಜಿಕೆಯೇ ಇರಬೇಕು ಎಂದು ಈಗ ರಿಕ್ಷಾದಲ್ಲಿ ಕೂತು ಯೋಚಿಸಿದಳು.

ಅಂಜಿಕೆಯಾದರೂ ಪರವಾಗಿಲ್ಲ, ಅವಳು ಮಾಡಿದ ಇನ್ನೊಂದು ಕೆಲಸವಿತ್ತು. ಹುಲಿಗೆವ್ವನ ಬಾಯಿ ಬಿಡಿಸಿದ್ದು ಬರೀ ಹಿಟ್ಟಲ್ಲ. ಕೊಡದೆ ಏನನ್ನೂ ಕೇಳಬೇಡಿ, ಮೊದಲು ನಿಮ್ಮದನ್ನು ಹೇಳಿ ಎಂದು ಸುರಭಿ ತನ್ನ ವಿದ್ಯಾರ್ಥಿಗಳಿಗೆ ಹೇಳಿಕೊಡುತ್ತಿದ್ದಳು. ಆ ನಾಲ್ಕನೆಯ ದಿನ ತಾನೇ ಕೊಡಬೇಕಾದಾಗ ತನ್ನ ಹತ್ತಿರ ಏನೂ ಇರಲಿಲ್ಲ. ಒಂದು ಸಾದಾ ಮದುವೆ, ಒಂಬತ್ತು ವರ್ಷದ ಹಿಂದೆ ಜಗಳವೂ ಇಲ್ಲದೆ ಮುಗಿದದ್ದು. ಅದನ್ನು ಕೊಟ್ಟರೆ ಹುಲಿಗೆವ್ವ ಏನು ಕೊಟ್ಟಾಳು? ಹಾಗಾಗಿ ಬೇರೊಬ್ಬಳದನ್ನು ಕೊಟ್ಟಳು. ಚಿತ್ರದ ಆರನೆಯ ಹೆಂಗಸು ಬಾರಾಮತಿಗೆ ಮದುವೆಯಾಗಿ ಹೋದ ನಿವೃತ್ತ ಟೀಚರು. ಹಾಸ್ಟೆಲಿನಲ್ಲಿ ಎರಡು ವರ್ಷ ಒಬ್ಬ ಗೆಳತಿಯನ್ನು ಪ್ರೀತಿಸಿದ್ದು, ಆಮೇಲೆ ಮೂವತ್ತೈದು ವರ್ಷ ಅವಳ ಹೆಸರೆತ್ತದೆ ಸಂಸಾರ ಮಾಡಿದ್ದು, ಎಲ್ಲವನ್ನೂ ಧ್ವನಿಮುದ್ರಿಸಿ ಕಳಿಸಿದ್ದಳು. ಸುರಭಿ ಅದನ್ನೇ ತನ್ನದೆಂದು ಹುಲಿಗೆವ್ವನಿಗೆ ಹೇಳಿದಳು. ಗೆಳತಿಗೊಂದು ಹೆಸರು ಬೇಕಾದಾಗ ಕಿಟಕಿಯಾಚೆ ಕಂಡ ಶಾಲಿನಿ ಬ್ಲೌಸ್ ಟೇಲರ್ಸ್ ಎಂಬ ಬೋರ್ಡು ನೋಡಿ ಶಾಲಿನಿ ಎಂದಳು. ಥೂ, ಎಂಥ ಕೆಲಸ! ಹುಲಿಗೆವ್ವ ಬಡಿಯುವುದನ್ನು ನಿಲ್ಲಿಸಿ, ಹಿಟ್ಟಿನ ಕೈಯಲ್ಲೇ ಇವಳ ಮೊಣಕೈ ಹಿಡಿದಳು. ಆಮೇಲೆ ತನ್ನದನ್ನು ಹೇಳಿದಳು. ಹನ್ನೆರಡು ವರ್ಷ ನೀ ಎಂದು ಕರೆಸಿಕೊಂಡವಳು, ಕ್ಯಾಮೆರಾ ಬಂದ ಮೇಲೆ ಇವಳು ನೀವು ಎನ್ನಲು ಶುರುಮಾಡಿದಾಗ ನಕ್ಕವಳು, ಅವತ್ತಿನಿಂದ ಇವಳನ್ನು ನೋಡುವ ನೋಟವೇ ಬೇರೆಯಾಯಿತು. ಒಂದೇ ರೋಗದ ಇಬ್ಬರು ಆಸ್ಪತ್ರೆಯಲ್ಲಿ ಸಿಕ್ಕಾಗ ನೋಡಿಕೊಳ್ಳುವ ಹಾಗೆ.

ಆದರೆ ಸುರಭಿ ಯಾರಿಗೂ ಹೇಳದ ಮಾತು ಇನ್ನೊಂದಿತ್ತು. ಆ ಸುಳ್ಳಿನ ಶಾಲಿನಿ ಸುಮ್ಮನಾಗಲಿಲ್ಲ. ಹದಿನೈದು ದಿನದ ಮೇಲೆ, ಹಲ್ಲುಜ್ಜುವಾಗ, ಶಾಲಿನಿಯ ಕತ್ತಿನ ಹಿಂದೆ ಕೂದಲು ಮುಗಿಯುವಲ್ಲಿ ಸುಟ್ಟ ಕಲೆಯಿತ್ತು ಎಂದು ನೆನಪಾಯಿತು. ಟೀಚರು ಹೇಳಿರಬೇಕು ಎಂದುಕೊಂಡು ಟೇಪನ್ನು ಮೊದಲಿನಿಂದ ಕೊನೆಯವರೆಗೆ ಕೇಳಿದಳು, ಎಲ್ಲೂ ಇರಲಿಲ್ಲ. ಆಮೇಲೆ ಅವಳ ಒದ್ದೆ ಕೂದಲಿನ ವಾಸನೆ ಬಂತು, ಅವಳು ಸಿಟ್ಟು ಬಂದಾಗ ಬಕೆಟ್ಟನ್ನು ಕುಕ್ಕುತ್ತಿದ್ದದ್ದು, ಒಂದು ಮಧ್ಯಾಹ್ನ ಹಾಸ್ಟೆಲಿನ ಟೆರೇಸಿನಲ್ಲಿ ನೀರಿನ ಟಾಕಿಯ ನೆರಳಿನಲ್ಲಿ ಮಲಗಿ, ನೀನು ನನ್ನನ್ನು ಮರೆತೇಬಿಡುತ್ತೀ, ಎಷ್ಟು ಮರೆಯುತ್ತೀ ಎಂದರೆ ನಾನು ಇದ್ದೆ ಎಂಬುದೂ ಗೊತ್ತಿರುವುದಿಲ್ಲ ಎಂದದ್ದು. ಇದನ್ನು ಯಾರು ಹೇಳಿದರು? ಹೀಗೊಬ್ಬಳು ಇದ್ದಳೇ? ಅಂಥ ಟೆರೇಸು ಅವಳಿದ್ದ ಹಾಸ್ಟೆಲಿಗೆ ಇತ್ತೆಂಬುದೇನೋ ನಿಜ. ಹಳೆಯ ಫೋಟೋಗಳನ್ನು ತೆಗೆದು ನೋಡಬೇಕೆಂದು ಎರಡು ಸಲ ಅಟ್ಟದ ಪೆಟ್ಟಿಗೆಗೆ ಕೈಹಾಕಿ, ಎರಡು ಸಲವೂ ಹೆದರಿ ಕೈ ತೆಗೆದಳು. ಸಿಗದಿದ್ದರೆ ತಾನು ಸುಳ್ಳುಗಾತಿ, ಸಿಕ್ಕರೆ ಇನ್ನೂ ಏನೋ ಆಗುತ್ತೇನೆ ಎಂಬ ಹೆದರಿಕೆ.

ಕಾಲುವೆಯ ದಂಡೆಯಲ್ಲಿ ರಿಕ್ಷಾ ಬಿಟ್ಟು ಮೆಟ್ಟಿಲು ಹತ್ತಿ ಹೋದಾಗ ಮನೋಜ ಬಾಗಿಲಲ್ಲೇ ಬೈಕಿನ ಚೈನಿಗೆ ಎಣ್ಣೆ ಹಾಕುತ್ತಿದ್ದ. ಎದ್ದು ನಿಂತು ಬರ್ರಿ ಅಕ್ಕಾರ ಎಂದ, ಮುಖವೆಲ್ಲ ನಗೆ. ಹೆಂಡತಿ ಹೆರಿಗೆಗೆ ತವರಿಗೆ ಹೋಗಿದ್ದಾಳೆ, ಚಿಗವ್ವ ರೊಟ್ಟಿ ಕೊಡಲು ಹೋಗಿದ್ದಾಳೆ, ಇನ್ನೇನು ಬರುತ್ತಾಳೆ, ಅವ್ವ ಒಳಗಿದ್ದಾಳೆ ಎಂದು ಕೇಳದಿದ್ದರೂ ಎಲ್ಲ ಹೇಳಿದ. ಕ್ರಿಕೆಟ್ ನೋಡಲೆಂದು ಹಾಕಿಸಿಕೊಂಡ ಆ್ಯಪಿನಲ್ಲಿ ಇವಳ ಹೆಸರು ಬಂದದ್ದನ್ನು ಕಂಪನಿಯ ಹುಡುಗರಿಗೆಲ್ಲ ತೋರಿಸಿದ್ದನಂತೆ. ಆರಕ್ಕೆ ಬರುತ್ತದಲ್ಲ, ಚಿಗವ್ವನೂ ಬಂದಿರುತ್ತಾಳೆ, ಮೂವರೂ ಕೂತು ನೋಡುತ್ತೇವೆ ಎಂದ. ಸುರಭಿ ಅವನ ಮುಖ ನೋಡಲಾಗದೆ ಚೈನು ನೋಡಿದಳು. ಒಳ್ಳೆಯ ಹುಡುಗ. ಒಳ್ಳೆಯವರು ಸಿಟ್ಟಿಗೆದ್ದರೆ ಏನು ಮಾಡುತ್ತಾರೆಂದು ಅವಳಿಗೆ ಗೊತ್ತಿರಲಿಲ್ಲ, ಅದೇ ಹೆಚ್ಚಿನ ಭಯ.

ಒಳಗೆ ಹುಲಿಗೆವ್ವ ಒಣಗಿದ ಬಟ್ಟೆಗಳ ರಾಶಿಯ ನಡುವೆ ಕೂತು ಮಡಚುತ್ತಿದ್ದಳು. ಹಗ್ಗದ ಮೇಲೆ, ಗೂಟಗಳ ಮೇಲೆ, ಎಲ್ಲೆಲ್ಲೂ ಸೀರೆಗಳು. ಯಾವುದು ಹುಲಿಗೆವ್ವನದು ಯಾವುದು ತಿಪ್ಪವ್ವನದು ಎಂದು ಬೇರ್ಪಡಿಸುವಂತಿರಲಿಲ್ಲ. ಸುರಭಿ ಪಕ್ಕದಲ್ಲಿ ಕೂತು, ದನಿ ತಗ್ಗಿಸಿ, ನಡೆದದ್ದನ್ನೆಲ್ಲ ಹೇಳಿದಳು: ಬಡಿತ ಬಿಟ್ಟದ್ದು ತನ್ನ ತಪ್ಪು, ತಾಯಿ ಗುರುತು ಹಿಡಿದಳು, ಮನೋಜನೂ ಹಿಡಿಯುತ್ತಾನೆ, ಈಗ ಎರಡು ಮಾತು ನೀವು ಹೇಳಿದರೆ ನಿಲ್ಲುತ್ತದೆ. ಫೋನು ತೆಗೆದು, ರೆಕಾರ್ಡಿನ ಗುಂಡಿ ಒತ್ತಿ, ಇಬ್ಬರ ನಡುವೆ ಮಡಚಿದ ಸೀರೆಯ ಮೇಲಿಟ್ಟಳು. ನನ್ನ ಹೆಸರು ಹುಲಿಗೆವ್ವ, ನನ್ನನ್ನು ಈ ಚಿತ್ರದಿಂದ ತೆಗೆಯಿರಿ, ಇಷ್ಟೇ ಹೇಳಿ ಎಂದಳು. ಹುಲಿಗೆವ್ವನ ಮುಖ ಬಿಳಿಚಿತ್ತು. ಬಾಗಿಲ ಕಡೆ ನೋಡಿದಳು, ಅಲ್ಲಿ ಮನೋಜನ ಬೆನ್ನು ಕಾಣುತ್ತಿತ್ತು. ಆಮೇಲೆ ಕೇಳಿದಳು: "ಮತ್ತ ನಿಮ್ಮದ್ರಿ?"

ತನ್ನದೇನು ಎಂದು ಸುರಭಿಗೆ ತಿಳಿಯಲಿಲ್ಲ. ಹುಲಿಗೆವ್ವ ಮೆಲ್ಲಗೆ ಹೇಳಿದಳು. ಆರನೆಯವಳು ನೀವೇ ಅಲ್ಲವೇ? ಇಡೀ ಚಿತ್ರ ನನಗೊಮ್ಮೆ ತೋರಿಸಿದಿರಲ್ಲ, ಅವತ್ತೇ ಬೆನ್ನು ನೋಡಿ ಗುರುತು ಹಿಡಿದೆ, ನಿಮಗೆ ಮುಜುಗರವಾದೀತೆಂದು ಸುಮ್ಮನಿದ್ದೆ. ಅಯ್ಯೋ ದೇವರೇ ಎಂದುಕೊಂಡಳು ಸುರಭಿ. ಬಾರಾಮತಿಯ ಟೀಚರು ಬೆನ್ನನ್ನೂ ಕೊಡಲು ಒಪ್ಪದೆ ಬರೀ ದನಿ ಕಳಿಸಿದ್ದರಿಂದ, ಅವಳ ಬದಲು ಆ ಕುರ್ಚಿಯಲ್ಲಿ ಸುರಭಿಯೇ ಕೂತು ತನ್ನ ಬೆನ್ನು ಹಿಡಿಸಿದ್ದಳು. ಬೆನ್ನು ಇವಳದು, ಕತೆ ಇವಳು ಹೇಳಿದ್ದೇ, ಹುಲಿಗೆವ್ವ ಇನ್ನೇನು ತಿಳಿಯಬೇಕು? "ನಾ ಇಳದ್ನಿ ಅಂದ್ರ ನೀವು ಅಲ್ಲೆ ಒಬ್ಬಾಕೀನ ಉಳೀತೀರಿ" ಎಂದಳು ಹುಲಿಗೆವ್ವ. "ನಿಮ್ಮವ್ವಾರು ನನ್ನ ಕೈ ಹಿಡದಾರ ಅಂದ್ರ ನಿಮ್ಮ ಬೆನ್ನ ಹಿಡಿಯೂದಿಲ್ಲೇನ್ರಿ? ನೀವು ಹೇಳೀರಿ ಅಂತ ನಾ ಹೇಳಿದ್ನಿ. ಈಗ ನಾ ಒಬ್ಬಾಕಿ ಓಡಿಹ್ವಾದ್ರ ತಿಪ್ಪಿ ಏನಂದಾಳು?" ನಿಮ್ಮದನ್ನೂ ತೆಗೆಸುವುದಾದರೆ ನನ್ನದನ್ನೂ ತೆಗೆಸಿ, ಇಲ್ಲದಿದ್ದರೆ ಇಬ್ಬರದೂ ಇರಲಿ ಎಂದು ಅವಳು ಮತ್ತೆ ಬಟ್ಟೆ ಮಡಚತೊಡಗಿದಳು. ಮಡಿಕೆ ಸರಿಯಾಗಿ ಕೂಡುತ್ತಿರಲಿಲ್ಲ. ಹೆದರಿಕೊಂಡೇ, ಇಡೀ ಮನೆಯನ್ನು ಪಣಕ್ಕಿಟ್ಟು, ಈ ಹೆಂಗಸು ತನ್ನ ಜೊತೆಗೆ ನಿಲ್ಲುತ್ತಿದ್ದಾಳೆಂದು ಕಂಡು ಸುರಭಿಗೆ ನಾಚಿಕೆಯಿಂದ ಮೈಯೆಲ್ಲ ಬಿಸಿಯಾಯಿತು.

ಹೇಳದೆ ಗತಿಯಿರಲಿಲ್ಲ. ಶಾಲಿನಿ ಎಂಬವಳು ಇಲ್ಲ, ಇರಲೇ ಇಲ್ಲ ಎಂದು ಹೇಳಿದಳು. ಅದು ಬೇರೊಬ್ಬರ ಕತೆ, ನಿಮ್ಮ ಬಾಯಿ ಬಿಡಿಸಲು ನನ್ನದೆಂದು ಹೇಳಿದೆ, ಹೆಸರನ್ನೂ ಅಂಗಡಿಯ ಬೋರ್ಡಿನಿಂದ ತೆಗೆದೆ ಎಂದಳು. ಇರಲೇ ಇಲ್ಲ ಎನ್ನುವಾಗ ಮಾತ್ರ, ಸುಟ್ಟ ಕಲೆಯಿದ್ದ ಆ ಕತ್ತು ಎಲ್ಲೋ ಹತ್ತಿರದಲ್ಲಿ ಬಾಗಿದಂತಾಗಿ, ಅವಳ ನಾಲಿಗೆ ತಡವರಿಸಿತು. ಹುಲಿಗೆವ್ವ ಅದನ್ನು ನೋಡಿಬಿಟ್ಟಳು. ಅವಳ ಮುಖದಲ್ಲಿ ಸಿಟ್ಟು ಬರಲಿಲ್ಲ. ಎಷ್ಟು ವಾತ್ಸಲ್ಯ ಬಂತೆಂದರೆ ಸುರಭಿಗೆ ಎದ್ದು ಓಡಿಹೋಗಬೇಕೆನಿಸಿತು. "ನಾನೂ ಹಿಂಗ ಅಂತಿದ್ನಿ" ಎಂದಳು. "ಯಾರೂ ಇಲ್ಲ, ಏನೂ ಇಲ್ಲ, ಅಕಿ ನನ್ನ ತಂಗಿ. ಇ‌ದೇ ದನಿ ನಂದೂ, ಹಿಂಗs ನಡಗತಿತ್ತು. ಹುಡುಗ ಹೊರಗದಾನಂತ ಅಂಜಬ್ಯಾಡ್ರಿ."

ಸುರಭಿಗೆ ತಲೆ ಕೆಟ್ಟುಹೋಯಿತು. ತನ್ನ ಜೀವಮಾನದಲ್ಲಿ ಒಮ್ಮೆ ನಿಜ ಹೇಳಿದರೆ ಅದನ್ನು ನಂಬುವವರಿಲ್ಲ! ಹೇಗಾದರೂ ನಂಬಿಸಬೇಕೆಂದು, ಎಲ್ಲಿದ್ದೇನೆಂಬುದನ್ನೂ ಮರೆತು, ಗಟ್ಟಿಯಾಗಿ ಹೇಳತೊಡಗಿದಳು. ಸುಳ್ಳು ಹುಲಿಗೆವ್ವ, ಶಾಲಿನಿ ಸುಳ್ಳು, ನಾನು ಹೆಣ್ಣನ್ನು ಪ್ರೀತಿಸಿದೆ ಅಂದದ್ದು ಸುಳ್ಳು... ಅಷ್ಟರಲ್ಲಿ ಹುಲಿಗೆವ್ವನ ಅಂಗೈ ಬಂದು ಅವಳ ಬಾಯಿಯನ್ನು ಮುಚ್ಚಿತು. ಒರಟು ಕೈ, ಸೋಪಿನ ವಾಸನೆ, ಭಾರ. ಹೊರಗೆ ಬೈಕಿನ ಚಕ್ರದ ಸದ್ದು ನಿಂತಿತ್ತು. ಮನೋಜ ಎಣ್ಣೆಯ ಚಿಂದಿ ಹಿಡಿದುಕೊಂಡು ಬಾಗಿಲಲ್ಲಿ ನಿಂತಿದ್ದ. ನಗೆ ಇನ್ನೂ ಪೂರ್ತಿ ಹೋಗಿರಲಿಲ್ಲ. ಏನು ಸುಳ್ಳು ಅಕ್ಕಾರ, ಯಾವ ಹೆಣ್ಣು, ಎಂದು ಕೇಳಿದ. ಕೇಳುತ್ತ ಸುರಭಿಯನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದ ನೋಟವಿತ್ತಲ್ಲ, ಅದು ಲಿಫ್ಟಿನವನ ದನಿಯಂಥದ್ದೇ ನೋಟ. ಹುಲಿಗೆವ್ವ ಆ ನೋಟವನ್ನು ಕಂಡಳು. ಕಂಡು, ಸುರಭಿಗೂ ಮಗನಿಗೂ ನಡುವೆ ಬರುವಂತೆ ಕೂತಲ್ಲಿಯೇ ಮುಂದೆ ಸರಿದಳು.

"ಅವರ ಸುದ್ದಿ ಅಲ್ಲೋ ಅದು" ಎಂದಳು. "ನಂದು. ನಾನು ಮತ್ತ ನಿಮ್ಮ ಚಿಗವ್ವ ಅಕ್ಕತಂಗಿ ಅಲ್ಲ. ಯಾವತ್ತೂ ಅಲ್ಲ."

ಮನೋಜ ಕೈಯಲ್ಲಿದ್ದ ಚಿಂದಿಯನ್ನು ಎರಡು ಮಡಿಕೆ ಮಾಡಿದ, ಮತ್ತೆರಡು ಮಾಡಿದ. ಅವನ ಹಿಂದೆ, ಮೆಟ್ಟಿಲ ಕೆಳಗಿನಿಂದ, ಖಾಲಿ ಡಬ್ಬಿಗಳನ್ನು ಹೊತ್ತು ಬರುವ ತಿಪ್ಪವ್ವನ ಉಸಿರು ಕೇಳುತ್ತಿತ್ತು. ಅವಳು ಯಾರೊಂದಿಗೋ ಮರಾಠಿಯಲ್ಲಿ ನಗುತ್ತ ಮಾತಾಡುತ್ತಿದ್ದಳು. ಹುಲಿಗೆವ್ವನಿಗೂ ಅದು ಕೇಳಿರಬೇಕು, ಆದರೂ ಅವಳು ನಿಲ್ಲಿಸಲಿಲ್ಲ. ಗಂಡ ಸತ್ತ ವರ್ಷದಿಂದ ಹಿಡಿದು, ಒಂದೊಂದಾಗಿ, ಮಗನ ಮುಖವನ್ನು ನೇರ ನೋಡುತ್ತ ಹೇಳತೊಡಗಿದಳು. ಸುರಭಿಯ ಬಾಯಿಯ ಮೇಲೆ ಈಗ ಕೈ ಇರಲಿಲ್ಲ, ಎಷ್ಟೋ ಹೊತ್ತಿನ ಹಿಂದೆಯೇ ತೆಗೆದಾಗಿತ್ತು. ಅವಳು ಒಂದು ಮಾತು ಹೇಳಬಹುದಿತ್ತು. ಇದೆಲ್ಲ ನನ್ನಿಂದ, ಈಕೆ ನನ್ನನ್ನು ಕಾಪಾಡಲು ಹೇಳುತ್ತಿದ್ದಾಳೆ, ಕಾಪಾಡಲು ಅಲ್ಲಿ ಏನೂ ಇಲ್ಲ ಎನ್ನಬಹುದಿತ್ತು. ಹೇಳುವುದರ ಬದಲು ಅವಳ ಕಿವಿ ಕೇಳುತ್ತಿತ್ತು: ಕೋಣೆಯ ತುಂಬ ಬಟ್ಟೆ ಇರುವುದರಿಂದ ಮಾರ್ದನಿಯೇ ಇಲ್ಲ, ಕೆಳಗಿಳಿಸದ ಹುಲಿಗೆವ್ವನ ನಿಜವಾದ ದನಿ ಎಷ್ಟು ಚೆನ್ನಾಗಿದೆ. ಮಡಚಿದ ಸೀರೆಯ ಮೇಲೆ ಫೋನಿನ ಸೆಕೆಂಡುಗಳು ಓಡುತ್ತಿದ್ದವು. ಆರಕ್ಕೆ ಇನ್ನೂ ನಲವತ್ತು ನಿಮಿಷವಿತ್ತು. ಸುರಭಿಯ ಹೆಬ್ಬೆರಳು ರೆಕಾರ್ಡು ನಿಲ್ಲಿಸುವ ಕೆಂಪು ಚುಕ್ಕೆಯ ತನಕ ಹೋಯಿತು, ಒತ್ತಲಿಲ್ಲ. ಫೋನನ್ನು ಹುಲಿಗೆವ್ವನ ಕಡೆಗೆ ಒಂದು ಗೇಣು ಸರಿಸಿತು.